ಚಳಿಗಾಲದ ಸ್ಮೂದಿ ನಮ್ಮ ಅಡಿಗಿಮನಿಯಾಗ ಐತಿ!

ಚಳಿ ಬಿತ್ತೆಂದರೆ ಸಾಕು, ಮೊಬೈಲಿನಲ್ಲಿ ಸ್ಮೂದಿಗಳ ಸುಗ್ಗಿ ಶುರು. ಮಕ್ಕಳಿಗೆ ನೆಗಡಿ ಬರಬಾರದು, ಶಕ್ತಿ ಬರಬೇಕು, ಬುದ್ಧಿ ಚುರುಕಾಗಬೇಕು ಅಂದರೆ ಇದನ್ನು ಕುಡಿಸಿ, ಅದನ್ನು ಕುಡಿಸಿ ಅಂತ ಪಾಲಕರ ಗುಂಪಿನಲ್ಲಿ ದಿನಕ್ಕೊಂದು ವಿಡಿಯೋ ಬರುತ್ತದೆ. ಅದರಲ್ಲಿ ಬೇಕಾದ ಸಾಮಾನಿನ ಪಟ್ಟಿ ನೋಡಿದ್ದೀರಾ? ಅವಕಾಡೊ, ಬ್ಲೂಬೆರ್ರಿ, ಕೇಲ್ ಸೊಪ್ಪು, ಚಿಯಾ ಬೀಜ, ಬಾದಾಮಿ ಹಾಲು... ಅಲ್ಲ ಸ್ವಾಮಿ, ಜತ್ತ ತಾಲೂಕಿನ ಪೂರ್ವ ಭಾಗದ ಯಾವ ಸಂತೆಯಲ್ಲಿ ಇವು ಸಿಗುತ್ತವೆ? ಉಮದಿಯಲ್ಲೋ, ಸಂಖದಲ್ಲೋ, ಮಾಡಗ್ಯಾಳದಲ್ಲೋ? ಸಿಕ್ಕರೂ ದಿನಗೂಲಿಗೆ ಹೋಗುವ ತಾಯಿ ಅದನ್ನು ಯಾವ ದುಡ್ಡಿನಲ್ಲಿ ತರಬೇಕು?

ಕೈಗೆಟುಕದ್ದನ್ನು ನೋಡಿ ನೋಡಿ ಆ ತಾಯಿ ಏನು ಮಾಡುತ್ತಾಳೆ ಗೊತ್ತೇ? ಕಿರಾಣಿ ಅಂಗಡಿಗೆ ಹೋಗಿ ಒಂದು ಪುಡಿ ಡಬ್ಬಿ ತರುತ್ತಾಳೆ. ಡಬ್ಬಿ ಆಗದಿದ್ದರೆ ಐದು ಹತ್ತು ರೂಪಾಯಿಯ ಪಾಕೀಟು. ಅದನ್ನು ಚಹಾದ ಹಾಲಿನಲ್ಲಿ ಕದಡಿ ಕೊಟ್ಟು, ನಮ್ಮ ಹುಡುಗನಿಗೂ ಏನೋ ಒಳ್ಳೆಯದನ್ನು ಕೊಟ್ಟೆವು ಎಂದು ಸಮಾಧಾನ ಪಡುತ್ತಾಳೆ. ನಮ್ಮ ತಕರಾರು ಆ ತಾಯಿಯ ಮೇಲಲ್ಲ. ಅವಳ ಅಡಿಗೆಮನೆಯ ಮಡಕೆಯಲ್ಲಿದ್ದ ವಸ್ತುವನ್ನು ಕೀಳು ಅಂತ ನಂಬಿಸಿ, ಅಂಗಡಿಯ ಡಬ್ಬಿಯನ್ನು ಮೇಲು ಅಂತ ಮಾರಿದವರ ಮೇಲೆ ನಮ್ಮ ತಕರಾರು. ಶಾಲೆಯಲ್ಲಿ ನಿಂತು ಇದನ್ನೆಲ್ಲ ನೋಡುತ್ತ ಸುಮ್ಮನಿರುವ ನಮ್ಮಂಥ ಗುರೂಜಿಗಳ, ಬಾಯಿಯವರ ಮೇಲೂ ಸ್ವಲ್ಪ ಇದೆ ಎಂದಿಟ್ಟುಕೊಳ್ಳಿ.

ಮೊದಲು ಈ ಸ್ಮೂದಿ ಅಂದರೇನು ನೋಡೋಣ. ಹಣ್ಣು, ಹಾಲು ಅಥವಾ ಮೊಸರು, ಸ್ವಲ್ಪ ಕಾಳು, ಬೀಜ ಇವನ್ನು ಕೂಡಿಸಿ ನುಣ್ಣಗೆ ಅರೆದು ಕುಡಿಯುವಷ್ಟು ತೆಳ್ಳಗೆ ಮಾಡಿದರೆ ಅದು ಸ್ಮೂದಿ. ಅದರಲ್ಲಿ ಒಂದು ಒಳ್ಳೆಯ ಗುಣವಿದೆ, ಒಪ್ಪೋಣ. ಹಣ್ಣಿನ ರಸ ಹಿಂಡಿದರೆ ನಾರು ಗಸಿಯಾಗಿ ಹೊರಗೆ ಹೋಗುತ್ತದೆ, ಸ್ಮೂದಿಯಲ್ಲಿ ಹಣ್ಣು ಇಡಿಯಾಗಿ ಹೊಟ್ಟೆಗೆ ಹೋಗುತ್ತದೆ. ಆದರೆ ಈ ವಿದ್ಯೆ ನಮಗೆ ಹೊಸದೇ? ಜೋಳದ ಹಿಟ್ಟು ಕುದಿಸಿ, ಮಜ್ಜಿಗೆ ಬೆರೆಸಿ, ಜೀರಿಗೆ ಬೆಳ್ಳುಳ್ಳಿ ಜಜ್ಜಿ ಹಾಕಿ ಕುಡಿಯುವ ಅಂಬಲಿ ಮತ್ತೇನು? ಎಳ್ಳು, ಶೇಂಗಾ ಅರೆದು ಬೆಲ್ಲದ ನೀರಿಗೆ ಕೂಡಿಸುವುದು ಮತ್ತೇನು? ಬಾಣಂತಿಗೆ ಮಾಡಿಕೊಡುವ ಆಳವಿಯ ಪಾಯಸ ಮತ್ತೇನು? ಇವೆಲ್ಲ ಇದ್ದದ್ದೇ. ಇಂಗ್ಲಿಷ್ ಹೆಸರು ಇಲ್ಲದ್ದರಿಂದ ಬೆಲೆ ಇಲ್ಲ, ಅಷ್ಟೇ.

ನಮ್ಮ ಕನ್ನಡ ಶಾಲೆಗಳಿಗೂ ಇದೇ ಕತೆ ಆಗಿದೆ. ಮನೆಯ ಮಾತಿನಲ್ಲಿ ಕಲಿತರೆ ತಿಳಿವಳಿಕೆ ಗಟ್ಟಿಯಾಗುತ್ತದೆ ಎಂದು ಎಲ್ಲ ಶಿಕ್ಷಣತಜ್ಞರೂ ಹೇಳುತ್ತಾರೆ. ಆದರೆ ಹಳದಿ ಬಣ್ಣದ ವ್ಯಾನು ಊರಿಗೆ ಬಂದ ದಿನದಿಂದ ಜಿಲ್ಲಾ ಪರಿಷದ ಕನ್ನಡ ಶಾಲೆ ಬಡವರ ಶಾಲೆಯಾಯಿತು. ಹಾಗೆಯೇ ಪುಡಿ ಡಬ್ಬಿ ಬಂದ ದಿನದಿಂದ ಅಂಬಲಿ ಬಡವರ ಊಟವಾಯಿತು. ನಾವು ಚೇಷ್ಟೆಗೆ ಹೇಳುವುದಲ್ಲ, ಆ ಡಬ್ಬಿ ಹೊಟ್ಟೆಯ ಇಂಗ್ಲಿಷ್ ಮೀಡಿಯಂ! ಫೀ ಜಾಸ್ತಿ, ಬೋರ್ಡು ದೊಡ್ಡದು, ಒಳಗೆ ಏನಿದೆ ಅಂತ ಕೇಳುವವರಿಲ್ಲ.

ಒಳಗೆ ಏನಿದೆ, ನಾವು ಕೇಳೋಣ. 2023ರಲ್ಲಿ ಬೋರ್ನ್‌ವಿಟಾದ ಸಕ್ಕರೆಯ ಬಗ್ಗೆ ದೇಶದಲ್ಲೆಲ್ಲ ಚರ್ಚೆ ಎದ್ದಿತು. ಆಗ ಅದರ 100 ಗ್ರಾಂ ಪುಡಿಯಲ್ಲಿ ಹೊರಗಿಂದ ಸೇರಿಸಿದ ಸಕ್ಕರೆಯೇ 37.4 ಗ್ರಾಂ ಇತ್ತು. ಗಲಾಟೆ ಆದಮೇಲೆ 32.2 ಗ್ರಾಮಿಗೆ ಇಳಿಸಿದರು. ಇಳಿಸಿದ ಮೇಲೂ ಲೆಕ್ಕ ಹಾಕಿ, ಹೆಚ್ಚುಕಡಿಮೆ ಮೂರರಲ್ಲಿ ಒಂದು ಪಾಲು ಸಕ್ಕರೆ. 2024ರ ಏಪ್ರಿಲ್‌ನಲ್ಲಿ ಕೇಂದ್ರ ವಾಣಿಜ್ಯ ಮತ್ತು ಉದ್ಯಮ ಸಚಿವಾಲಯ ಆನ್‌ಲೈನ್ ಅಂಗಡಿಗಳಿಗೆ, ಇಂಥ ಪೇಯಗಳನ್ನು ‘ಹೆಲ್ತ್ ಡ್ರಿಂಕ್’ ಎಂಬ ವಿಭಾಗದಿಂದ ತೆಗೆದುಹಾಕಿ ಎಂದು ಸೂಚನೆ ಕೊಟ್ಟಿತು. ಯಾಕೆಂದರೆ 2006ರ ಆಹಾರ ಸುರಕ್ಷತೆ ಮತ್ತು ಗುಣಮಟ್ಟ ಕಾಯ್ದೆಯಲ್ಲಿ ‘ಹೆಲ್ತ್ ಡ್ರಿಂಕ್’ ಎಂಬುದಕ್ಕೆ ವ್ಯಾಖ್ಯೆಯೇ ಇಲ್ಲ. ಅದೇ ತಿಂಗಳು ಹಾರ್ಲಿಕ್ಸ್ ಕೂಡ ತನ್ನ ವಿಭಾಗದ ಹೆಸರಿನಿಂದ ‘ಹೆಲ್ತ್’ ಎಂಬ ಮಾತನ್ನು ಕೈಬಿಟ್ಟಿತು. ಇಷ್ಟು ವರ್ಷ ನಮ್ಮ ತಾಯಂದಿರು ಯಾವ ಹೆಸರನ್ನು ನಂಬಿ ದುಡ್ಡು ಕೊಟ್ಟರೋ ಆ ಹೆಸರಿಗೆ ಕಾಯ್ದೆಯಲ್ಲಿ ಜಾಗವೇ ಇರಲಿಲ್ಲ!

ಇದು ಪುಡಿಯದಾಯಿತು. ಇನ್ನು ಪಾಕೀಟಿನ ರಸ. 2024ರ ಜೂನ್‌ನಲ್ಲಿ ಆಹಾರ ಸುರಕ್ಷತಾ ಪ್ರಾಧಿಕಾರ, ಪಾಕೀಟಿನ ಮೇಲೆ ‘100% ಹಣ್ಣಿನ ರಸ’ ಎಂದು ಬರೆಯಬೇಡಿ ಎಂದು ಕಂಪನಿಗಳಿಗೆ ಹೇಳಿತು. ಗಟ್ಟಿರಸಕ್ಕೆ ನೀರು ಬೆರೆಸಿ ಮತ್ತೆ ರಸ ಮಾಡಿದ್ದಕ್ಕೆ ಆ ಮಾತು ಸಲ್ಲದು. 2025ರ ಅಕ್ಟೋಬರ್‌ನಲ್ಲಿ ಇನ್ನೊಂದು ಆದೇಶ ಬಂತು. ಸರಿಯಾದ ಪ್ರಮಾಣದ ಓಆರ್‌ಎಸ್ ಅಲ್ಲದ ಸಿಹಿ ಪೇಯಗಳು ತಮ್ಮ ಹೆಸರಿನಲ್ಲಿ ‘ಓಆರ್‌ಎಸ್’ ಎಂದು ಹಾಕಿಕೊಳ್ಳುವಂತಿಲ್ಲ. ಭೇದಿಯಾದ ಕೂಸಿಗೆ ಔಷಧವೆಂದು ಸಕ್ಕರೆ ನೀರು ಕುಡಿಸಿದ ತಾಯಂದಿರು ಎಷ್ಟು ಜನವೋ. ಸರಕಾರದ ಕಣ್ಣು ತೆರೆಯಲು ಇಷ್ಟು ವರ್ಷ ಬೇಕಾಯಿತು. ನಮ್ಮ ಕಣ್ಣು ಇನ್ನೂ ತೆರೆಯದಿದ್ದರೆ ಹೇಗೆ?

ಈಗ ಇನ್ನೊಂದು ಕಡೆ ನೋಡಿ. ಈ ಚಳಿಗಾಲದಲ್ಲಿ ನಮ್ಮ ನೆಲ ಏನೇನು ಕೊಡುತ್ತದೆ?

ದಾಳಿಂಬೆ. ಸೊಲ್ಲಾಪುರದ ದಾಳಿಂಬೆಗೆ 2016ರಲ್ಲಿ ಭೌಗೋಳಿಕ ಗುರುತು ಸಿಕ್ಕಿದೆ. ದೇಶದ ದಾಳಿಂಬೆ ಸಂಶೋಧನಾ ಕೇಂದ್ರ ಇರುವುದೂ ಸೊಲ್ಲಾಪುರದಲ್ಲೇ. ಜತ್ತದ ಕಲ್ಲುನೆಲದಲ್ಲೂ ಹನಿ ನೀರಾವರಿ ಹಾಕಿ ನಮ್ಮ ರೈತರು ದಾಳಿಂಬೆ ಬೆಳೆದಿದ್ದಾರೆ. ದ್ರಾಕ್ಷಿ. ಸಾಂಗ್ಲಿಯ ಒಣದ್ರಾಕ್ಷಿಗೂ ಭೌಗೋಳಿಕ ಗುರುತಿದೆ. ಜೋಳ. ಪಕ್ಕದ ಮಂಗಳವೇಢೆಯನ್ನು ಜೋಳದ ಕಣಜ ಎಂದೇ ಕರೆಯುತ್ತಾರೆ, ಅಲ್ಲಿಯ ಮಾಲದಂಡಿ ಜೋಳಕ್ಕೂ ಗುರುತಿದೆ. ಇದಲ್ಲದೆ ಪೇರಲ, ಬಾರಿಹಣ್ಣು, ಗಜ್ಜರಿ, ನೆಲ್ಲಿ, ಹೊಸ ಶೇಂಗಾ, ಎಳ್ಳು, ಅಗಸಿ, ಗುರೆಳ್ಳು, ಕಡಲೆಯ ಸುಲಗಾಯಿ, ಹೊಸ ಬೆಲ್ಲ, ಎಳ್ಳ ಅಮವಾಸ್ಯೆಯ ಹೊತ್ತಿಗೆ ತೆನೆಯಲ್ಲಿ ಹಾಲು ತುಂಬುವ ಸೀತನಿ... ಬೇಸಿಗೆಯಲ್ಲಿ ಕುಡಿಯುವ ನೀರಿಗೆ ಟ್ಯಾಂಕರ್ ಕಾಯುವ ನಮ್ಮ ನಾಡು, ಈ ಮೂರು ತಿಂಗಳು ಮಾತ್ರ ಸಿರಿವಂತನ ಮನೆ.

ಆದರೆ ಈ ಸಿರಿ ನಮ್ಮ ಮಕ್ಕಳ ಬಾಯಿಗೆ ಹೋಗುತ್ತದೆಯೇ? ದಾಳಿಂಬೆ ಪೆಟ್ಟಿಗೆಯಲ್ಲಿ ಕೂತು ಪೇಟೆಗೆ ಹೋಗುತ್ತದೆ. ದ್ರಾಕ್ಷಿ ಒಣಗಿ ತಾಸಗಾವಿ ಮಾರ್ಕೆಟ್ಟಿಗೆ ಹೋಗುತ್ತದೆ. ಹಾಲು ಬೆಳಗ್ಗೆ ಕತ್ತಲಿರುವಾಗಲೇ ಡೇರಿಗೆ ಹೋಗುತ್ತದೆ, ಮನೆಯಲ್ಲಿ ಉಳಿಯುವುದು ಚಹಾಕ್ಕೆ ಬಣ್ಣ ಬರುವಷ್ಟು. ಮಾರಬೇಡಿ ಎಂದು ರೈತನಿಗೆ ಹೇಳಲು ನಾವ್ಯಾರು? ಸಾಲ ಇದೆ, ಮದುವೆ ಇದೆ, ಬೋರವೆಲ್ಲಿನ ಕಂತು ಇದೆ. ನಾವು ಕೇಳುವುದು ಇಷ್ಟೇ. ಪೆಟ್ಟಿಗೆಗೆ ಸಲ್ಲದ ಸೀಳು ಹಣ್ಣು, ಸಣ್ಣ ಹಣ್ಣು, ಕಲೆಬಿದ್ದ ಹಣ್ಣು ಬದುವಿನ ಮೇಲೆ ಬೀಳುತ್ತದಲ್ಲ, ಅದರಲ್ಲಿ ಕೊಳೆಯದ್ದನ್ನು ಆರಿಸಿ ಮನೆಗೆ ತನ್ನಿ. ಡೇರಿಗೆ ಹಾಕುವ ಹಾಲಿನಲ್ಲಿ ಒಂದು ವಾಟಿ ಕೂಸಿನ ಹೆಸರಿಗೆ ತೆಗೆದಿಡಿ. ಹಾಲು ಮಾರಿದ ದುಡ್ಡಿನಲ್ಲಿ ಪುಡಿ ಡಬ್ಬಿ ತಂದು, ಅದನ್ನು ಕದಡಲು ಹಾಲಿಲ್ಲ ಅಂತ ನೀರಿನಲ್ಲಿ ಕದಡಿ ಕೊಡುವ ಮನೆಗಳು ನಮ್ಮಲ್ಲಿ ಇವೆ. ಇದಕ್ಕಿಂತ ದೊಡ್ಡ ವ್ಯಂಗ್ಯ ಯಾವುದು, ನೀವೇ ಹೇಳಿ.

ನಮ್ಮ ಶಾಲೆಗೆ ಬೆಳಗ್ಗೆ ಬರುವ ಮಕ್ಕಳಲ್ಲಿ ಬಹಳ ಮಂದಿಯ ಹೊಟ್ಟೆಯಲ್ಲಿರುವುದು ಚಹಾ ಮತ್ತು ಎರಡು ಬಿಸ್ಕೀಟು, ಇಲ್ಲವೇ ಟೋಸ್ಟು. ಚಳಿಯಲ್ಲಿ ಬಿಸಿ ಅಂತ ಇನ್ನೊಂದು ಕಪ್ಪು. ಮಧ್ಯಾಹ್ನದ ಊಟದವರೆಗೆ ಅಷ್ಟೇ. ಎರಡನೇ ಪಿರಿಯಡ್ಡಿನಲ್ಲಿ ಕಣ್ಣು ಮಂಜಾಗುತ್ತದೆ, ಪ್ರಾರ್ಥನೆಗೆ ನಿಂತರೆ ಒಬ್ಬಿಬ್ಬರು ಕುಸಿಯುತ್ತಾರೆ. ಆಗ ನಾವು ‘ಲಕ್ಷ್ಯ ಇಲ್ಲ’ ಎಂದು ಬೈಯುತ್ತೇವೆ. ಲಕ್ಷ್ಯ ಇಲ್ಲವೋ, ರಕ್ತ ಇಲ್ಲವೋ? 5ನೇ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆ (2019-21) ಹೇಳುವಂತೆ ಮಹಾರಾಷ್ಟ್ರದಲ್ಲಿ ಆರು ತಿಂಗಳಿಂದ ಐದು ವರ್ಷದೊಳಗಿನ ಮಕ್ಕಳಲ್ಲಿ ಶೇ. 68.9ರಷ್ಟು ಮಂದಿಗೆ ರಕ್ತಹೀನತೆ ಇದೆ. ಮೂರು ಕೂಸುಗಳಲ್ಲಿ ಎರಡು! ಆ ಕೂಸುಗಳೇ ಮುಂದೆ ನಮ್ಮ ಒಂದನೇ ಇಯತ್ತೆಗೆ ಬರುವುದು. ಚಹಾದಲ್ಲಿರುವ ಒಗರು ಅಂಶ ಊಟದಲ್ಲಿನ ಕಬ್ಬಿಣವನ್ನು ದೇಹಕ್ಕೆ ಹತ್ತಗೊಡುವುದಿಲ್ಲ. ಪೇರಲ, ನೆಲ್ಲಿಯಲ್ಲಿರುವ ‘ಸಿ’ ಜೀವಸತ್ವ ಅದೇ ಕಬ್ಬಿಣವನ್ನು ಹೀರಿಕೊಳ್ಳಲು ಸಹಾಯ ಮಾಡುತ್ತದೆ. ರೊಟ್ಟಿಯ ಜೊತೆ ಚಹಾ ಕೊಡುವ ಮನೆಗೂ ಅಂಬಲಿಯ ಜೊತೆ ಅರ್ಧ ಪೇರಲ ಕೊಡುವ ಮನೆಗೂ ಇರುವ ವ್ಯತ್ಯಾಸ ಇದು.

ಇನ್ನೊಂದು ಸಂಗತಿ. ದೀಪಾವಳಿಯ ಮುಂದೆ ಹಿಂದೆ ನಮ್ಮ ಭಾಗದ ಎಷ್ಟೋ ಕುಟುಂಬಗಳು ಕಬ್ಬು ಕಡಿಯಲು ಕಾರ್ಖಾನೆಗಳ ಕಡೆಗೆ ಹೋಗುತ್ತವೆ. ಮರಳುವುದು ಮಾರ್ಚ್, ಏಪ್ರಿಲ್‌ಗೆ. ಅಂದರೆ ಈ ಹಣ್ಣು ಕಾಳುಗಳ ಸುಗ್ಗಿಯ ಕಾಲದಲ್ಲೇ ಆ ಮಕ್ಕಳು ಒಂದೋ ತೊಟ್ಟಿಲ ಕೂಸನ್ನು ಆಡಿಸುತ್ತ ಕಬ್ಬಿನ ಹೊಲದಲ್ಲಿರುತ್ತವೆ, ಇಲ್ಲ ಊರಲ್ಲಿ ಅಜ್ಜಿಯ ಬಳಿ ಇರುತ್ತವೆ. ಅಜ್ಜಿಗೆ ಕಣ್ಣು ಕಾಣುವುದಿಲ್ಲ, ಒಲೆ ಮುಂದೆ ಬಹಳ ಹೊತ್ತು ಕೂಡಲಾಗುವುದಿಲ್ಲ. ಅಂಥ ಮನೆಗೆ ಹತ್ತು ನಿಮಿಷದಲ್ಲಿ ಆಗುವ, ಅಗಿಯಬೇಕಾಗಿಲ್ಲದ, ಅಜ್ಜಿ ಮೊಮ್ಮಗು ಇಬ್ಬರೂ ಕುಡಿಯಬಹುದಾದ ಅಂಬಲಿಗಿಂತ ಒಳ್ಳೆಯದು ಯಾವುದಿದೆ? ಸ್ಮೂದಿ ಮಾಡಲು ಮಿಕ್ಸರ್ ಬೇಕು, ಮಿಕ್ಸರಿಗೆ ಕರೆಂಟು ಬೇಕು. ಕಡಗೋಲಿಗೆ ಕೈ ಸಾಕು.

ಬರೀ ಬೈದರೆ ಸಾಲದು. ಹೇಗೆ ಮಾಡಬೇಕು ಎಂದು ಕೇಳುವ ಪಾಲಕರಿಗಾಗಿ ನಾಲ್ಕು ಪೇಯ ಹೇಳುತ್ತೇವೆ. ಎಲ್ಲ ನಮ್ಮ ಹೊಲದ, ನಮ್ಮ ಸಂತೆಯ ಸಾಮಾನು.

ಒಂದು, ಜೋಳದ ಅಂಬಲಿ. ನಾಲ್ಕು ಚಮಚ ಜೋಳದ ಹಿಟ್ಟನ್ನು ಒಂದು ವಾಟಿ ನೀರಿನಲ್ಲಿ ಗಂಟಿಲ್ಲದಂತೆ ಕಲಸಿ ಎರಡು ಚಮಚ ಮಜ್ಜಿಗೆ ಹಾಕಿ ರಾತ್ರಿ ಮುಚ್ಚಿಡಿ. ಚಳಿಗೆ ಬೇಗ ಹುಳಿಯುವುದಿಲ್ಲ, ಒಲೆಯ ಮಗ್ಗುಲಿಗೆ ಬಟ್ಟೆ ಸುತ್ತಿ ಇಡಿ. ಬೆಳಗ್ಗೆ ಮೂರು ವಾಟಿ ನೀರು ಕುದಿಸಿ ಅದಕ್ಕೆ ಹಾಕಿ, ತಿರುವುತ್ತ ಎಂಟು ಹತ್ತು ನಿಮಿಷ ಬೇಯಿಸಿ. ಉಗುರು ಬಿಸಿ ಆದಮೇಲೆ ಒಂದು ವಾಟಿ ಮಜ್ಜಿಗೆ, ಉಪ್ಪು, ಜಜ್ಜಿದ ಜೀರಿಗೆ ಬೆಳ್ಳುಳ್ಳಿ. ಮೂರು ಮಕ್ಕಳಿಗೆ ಸಾಕು. ಹುಳಿ ಬರಿಸುವುದು ರುಚಿಗೆ ಮಾತ್ರ ಅಲ್ಲ. ಕಾಳಿನಲ್ಲಿ ಕಬ್ಬಿಣವನ್ನು ಕಟ್ಟಿಹಾಕುವ ಒಂದು ಅಂಶ ಇದೆ, ಹುಳಿ ಬಂದಾಗ ಅದು ಕಡಿಮೆಯಾಗುತ್ತದೆ. ನಮ್ಮ ಅಜ್ಜಿಗೆ ಆ ಅಂಶದ ಹೆಸರು ಗೊತ್ತಿರಲಿಲ್ಲ, ಕೆಲಸ ಗೊತ್ತಿತ್ತು.

ಎರಡು, ಸಜ್ಜೆ–ಬಾಳೆ. ಸಜ್ಜೆ ಹಿಟ್ಟು ಎರಡು ಚಮಚ ಹುರಿದು, ಒಂದು ವಾಟಿ ನೀರಿನಲ್ಲಿ ಬೇಯಿಸಿ ಆರಿಸಿ. ಒಂದು ಕಳಿತ ಬಾಳೆಹಣ್ಣು ಕಿವುಚಿ, ಹುರಿದ ಶೇಂಗಾ ಪುಡಿ ಒಂದು ಚಮಚ, ಕಾಸಿದ ಹಾಲು ಒಂದು ವಾಟಿ ಹಾಕಿ ಕಡಗೋಲಿನಿಂದ ಕಡೆಯಿರಿ. ಬಾಳೆಹಣ್ಣೇ ಸಿಹಿ, ಬೆಲ್ಲ ಬೇಡ. ಕಬ್ಬಿಣಾಂಶದಲ್ಲಿ ಸಜ್ಜೆ ಜೋಳಕ್ಕಿಂತ ಮುಂದಿದೆ. ಆದರೆ ಸಜ್ಜೆ ಹಿಟ್ಟು ಬೇಗ ಕಮಟಾಗುತ್ತದೆ, ಎಂಟು ದಿನಕ್ಕೆ ಆಗುವಷ್ಟೇ ಬೀಸಿರಿ.

ಮೂರು, ಎಳ್ಳು–ಶೇಂಗಾದ ಹಾಲು. ಹಾಲಿಲ್ಲದ ಮನೆಗೆ ಇದು. ಎರಡು ಚಮಚ ಎಳ್ಳು, ಎರಡು ಚಮಚ ಶೇಂಗಾ ಹುರಿದು ರಾತ್ರಿ ನೆನೆಯಿಡಿ. ಬೆಳಗ್ಗೆ ಒರಳಲ್ಲಿ ನುಣ್ಣಗೆ ಅರೆದು ಎರಡು ವಾಟಿ ಬಿಸಿ ನೀರು, ಅಡಿಕೆಯಷ್ಟು ಬೆಲ್ಲ, ಚಿಟಿಕೆ ಶುಂಠಿ ಪುಡಿ. ಸೋಸಬೇಡಿ, ಸೋಸಿದರೆ ಸತ್ವ ಗಸಿಯಲ್ಲಿ ಹೋಗುತ್ತದೆ. 100 ಗ್ರಾಂ ಎಳ್ಳಿನಲ್ಲಿ 1,200 ಮಿಲಿಗ್ರಾಮಿಗೂ ಹೆಚ್ಚು ಸುಣ್ಣದಂಶ ಇದೆ. ರಾಗಿಯಲ್ಲಿ ಸುಮಾರು 350. ಸಂಕ್ರಮಣಕ್ಕೆ ಎಳ್ಳು ಬೆಲ್ಲ ಹಂಚಿಕೊಳ್ಳುವುದು ಸುಮ್ಮನೆ ಹುಟ್ಟಿದ ರೂಢಿ ಅಲ್ಲ, ಚಳಿಯ ಕಾಲಕ್ಕೆ ಒಪ್ಪುವ ಊಟ ಅದು.

ನಾಲ್ಕು, ಗಜ್ಜರಿ–ಪೇರಲ. ಎರಡು ಗಜ್ಜರಿ ಬೇಯಿಸಿ, ಆರಿದ ಮೇಲೆ ಒಂದು ಹಸಿ ಪೇರಲದ ಜೊತೆ ಅರೆದು, ಬೀಜ ಹೋಗುವಂತೆ ದಪ್ಪ ಜಾಳಿಗೆಯಲ್ಲಿ ತಿಕ್ಕಿ, ಅರ್ಧ ವಾಟಿ ಮೊಸರು, ಉಪ್ಪು, ಜೀರಿಗೆ ಪುಡಿ. ಪೇರಲವನ್ನು ಮಾತ್ರ ಬೇಯಿಸಬೇಡಿ, ‘ಸಿ’ ಜೀವಸತ್ವ ಬೆಂಕಿಗೆ ಹಾಳಾಗುತ್ತದೆ. ಒಂದೇ ತೂಕದ ಕಿತ್ತಳೆಗೆ ಹೋಲಿಸಿದರೆ ಪೇರಲದಲ್ಲಿ ಆ ಜೀವಸತ್ವ ಸುಮಾರು ನಾಲ್ಕು ಪಟ್ಟು. ಪೇರಲ ತಿಂದರೆ ಕೆಮ್ಮು ಎಂದು ಹೆದರಿಸಿ ಹುಡುಗರ ಕೈಯಿಂದ ಕಸಿದುಕೊಳ್ಳಬೇಡಿ. ಪೇರಲ ಇಲ್ಲದ ದಿನ ದಾಳಿಂಬೆಯ ಕಾಳು ಅರೆದು ಸೋಸಿ ಹಾಕಿ.

ಕೆಲವು ಎಚ್ಚರಿಕೆ. ಹೆಸರು, ರಾಗಿ ಮೊಳಕೆ ಕಟ್ಟಿ, ಒಣಗಿಸಿ ಹುರಿದು ಹಿಟ್ಟು ಮಾಡಿ ಬಳಸಬಹುದು. ಜೋಳದ ಮೊಳಕೆ ಮಾತ್ರ ಬೇಡ. ಎಳೆ ಜೋಳದ ಪೈರು ತಿಂದ ದನ ಹೊಟ್ಟೆಯುಬ್ಬಿ ಬೀಳುವುದನ್ನು ಹೊಲದವರೆಲ್ಲ ಕಂಡಿದ್ದಾರೆ, ಅದೇ ವಿಷ ಜೋಳದ ಮೊಳಕೆಯಲ್ಲೂ ಇರುತ್ತದೆ. ಬೂಷ್ಟು ಹಿಡಿದ, ಕಪ್ಪಾದ ಶೇಂಗಾ ಆರಿಸಿ ಬಿಸಾಡಿ, ಹುರಿದರೂ ಅದರ ವಿಷ ಹೋಗುವುದಿಲ್ಲ. ಕೆಲವು ಮಕ್ಕಳಿಗೆ ಶೇಂಗಾ ಒಗ್ಗುವುದಿಲ್ಲ, ತಿಂದ ಮೇಲೆ ಮೈ ದದ್ದು, ಬಾವು, ಉಸಿರಾಟಕ್ಕೆ ತೊಂದರೆ ಆದರೆ ತಡಮಾಡದೆ ದವಾಖಾನೆಗೆ ಹೋಗಿ. ಬೆಲ್ಲವೂ ಸಕ್ಕರೆಯೇ, ನಮ್ಮದು ಎಂಬ ಅಭಿಮಾನಕ್ಕೆ ಮುಷ್ಟಿಗಟ್ಟಲೆ ಹಾಕಬೇಡಿ. ಕಬ್ಬಿನ ಹಾಲು ಜಾತ್ರೆಯ ದಿನಕ್ಕೆ ಸರಿ, ದಿನಾ ಕುಡಿಯುವುದಕ್ಕಲ್ಲ, ಅದರಲ್ಲಿ ನಾರು ಹೊರಗುಳಿದು ಸಕ್ಕರೆ ಮಾತ್ರ ಒಳಗೆ ಬರುತ್ತದೆ.

ಇದನ್ನು ಹೇಳಿದಾಗಲೆಲ್ಲ ಕೆಲವು ಆಕ್ಷೇಪ ಬರುತ್ತವೆ. ಅವಕ್ಕೂ ಉತ್ತರ ಕೊಡೋಣ.

‘ಹುಡುಗರು ಅಂಬಲಿ ಕುಡಿಯೂದಿಲ್ರಿ ಗುರೂಜಿ, ಸಿಹಿ ಬೇಕಂತಾರ.’ ಸಿಹಿಯ ಚಟ ಹುಟ್ಟಿನಿಂದ ಬಂದದ್ದಲ್ಲ, ಹಚ್ಚಿದ್ದು. ಮೊದಲ ವಾರ ಮುಖ ಹಿಂಡುತ್ತಾರೆ, ಎರಡನೇ ವಾರ ಕೇಳಿ ಕುಡಿಯುತ್ತಾರೆ. ಮನೆಯಲ್ಲಿ ದೊಡ್ಡವರು ಕುಡಿಯದೆ ಮಕ್ಕಳಿಗಷ್ಟೇ ಕೊಟ್ಟರೆ ಔಷಧ ಅನ್ನಿಸುತ್ತದೆ. ಎಲ್ಲರೂ ಕೂತು ಕುಡಿಯಿರಿ.

‘ಚಳಿಗಾಲದಾಗ ಮಜ್ಜಿಗಿ, ಬಾಳಿಹಣ್ಣು ಕೊಟ್ರ ನೆಗಡಿ ಆಗ್ತೈತಿ.’ ನೆಗಡಿ ಬರುವುದು ಒಬ್ಬರಿಂದ ಒಬ್ಬರಿಗೆ ಹರಡುವ ವಿಷಾಣುವಿನಿಂದ. ತಣ್ಣಗಿನದು ಬೇಡವೆಂದರೆ ಉಗುರು ಬಿಸಿ ಮಾಡಿ ಕೊಡಿ, ಆದರೆ ಮೂರು ತಿಂಗಳು ಹಣ್ಣೇ ಇಲ್ಲದಂತೆ ಮಾಡಬೇಡಿ.

‘ಪುಡಿಯೊಳಗ ವಿಟಮಿನ್ ಹಾಕಿರ್ತಾರಲ್ರಿ.’ ಹಾಕಿರುತ್ತಾರೆ, ಇಲ್ಲ ಎನ್ನುವುದಿಲ್ಲ. ಆದರೆ ಎರಡು ಚಮಚ ಪುಡಿಯಲ್ಲಿ ಹೊಟ್ಟೆ ತುಂಬುವುದಿಲ್ಲ, ನಾರು ಸಿಗುವುದಿಲ್ಲ. ಇನ್ನೂರು ರೂಪಾಯಿಗೂ ಮೇಲೆ ಕೊಟ್ಟು ತಂದ ಅರ್ಧ ಕಿಲೋ ಡಬ್ಬಿ ಇಬ್ಬರು ಮಕ್ಕಳಿದ್ದರೆ ಹದಿನೈದು ದಿನವೂ ಬಾಳುವುದಿಲ್ಲ. ಅದೇ ದುಡ್ಡಿಗೆ ಒಂದು ಕಿಲೋ ಶೇಂಗಾ ಬಂದು, ಮೇಲೆ ಬೆಲ್ಲಕ್ಕೂ ಉಳಿಯುತ್ತದೆ. ಶೇಂಗಾದ 100 ಗ್ರಾಂನಲ್ಲಿ ಸುಮಾರು 24 ಗ್ರಾಂ ಪ್ರೋಟೀನು. ಡಬ್ಬಿಯ ಹಿಂದಿನ ಸಣ್ಣ ಅಕ್ಷರ ಓದಿ, ಅದರಲ್ಲಿ ಎಷ್ಟಿದೆ ನೋಡಿ, ನೀವೇ ತೀರ್ಮಾನ ಮಾಡಿ. ನಿಮಗೆ ಓದಲು ಬಾರದಿದ್ದರೆ ನಿಮ್ಮ ಐದನೇ ಇಯತ್ತೆಯ ಮಗಳಿಗೆ ಕೊಡಿ. ಅವಳಿಗೂ ಓದಲಾಗದಿದ್ದರೆ ತಪ್ಪು ಅವಳದಲ್ಲ, ಡಬ್ಬಿಯ ಮೇಲೆ ಕನ್ನಡವೂ ಇಲ್ಲ, ಮರಾಠಿಯೂ ಇಲ್ಲ!

ಇನ್ನು ಸರಕಾರದ ಮಾತು. ಗಡಿಯ ಆಚೆ, ಇಲ್ಲಿಂದ ಗಂಟೆಯೊಳಗೆ ಮುಟ್ಟಬಹುದಾದ ವಿಜಯಪುರ ಜಿಲ್ಲೆಯ ಶಾಲೆಗಳಲ್ಲಿ ಕ್ಷೀರಭಾಗ್ಯದ ಹಾಲು 2013ರಿಂದ ಇದೆ. 2024ರ ಫೆಬ್ರವರಿಯಿಂದ ವಾರಕ್ಕೆ ಮೂರು ದಿನ ಹಾಲಿನಲ್ಲಿ ರಾಗಿ ಮಾಲ್ಟ್ ಕೂಡಿಸಿ ಕೊಡುವ ಯೋಜನೆ ಶುರುವಾಯಿತು. ಈಚೆ ನಮ್ಮಲ್ಲಿ? 2023ರ ನವೆಂಬರ್‌ನಲ್ಲಿ ಮಹಾರಾಷ್ಟ್ರ ಸರಕಾರ ವಾರಕ್ಕೊಂದು ಮೊಟ್ಟೆ, ಬೇಡವೆಂದವರಿಗೆ ಬಾಳೆಹಣ್ಣು ಎಂದಿತು. ಮಕ್ಕಳಿಗೆ ರೂಢಿಯಾಗುವ ಹೊತ್ತಿಗೆ, 2025ರ ಜನವರಿಯಲ್ಲಿ, ಮೊಟ್ಟೆಗೆ ಸಕ್ಕರೆಗೆ ಬೇರೆ ಅನುದಾನ ಇಲ್ಲ, ಬೇಕಾದರೆ ಊರವರಿಂದ ವಂತಿಗೆ ಎತ್ತಿಕೊಳ್ಳಿ ಎಂದಿತು. ಬರ ಬಿದ್ದ ಊರಲ್ಲಿ ಯಾರ ಬಾಗಿಲಿಗೆ ಹೋಗಬೇಕು ಗುರೂಜಿ?

ಆದರೂ ಆಚೆಯ ರಾಗಿ ಮಾಲ್ಟನ್ನೇ ನಮಗೂ ಕೊಡಿ ಎಂದು ನಾವು ಕೇಳುವುದಿಲ್ಲ. ರಾಗಿ ಒಳ್ಳೆಯದೇ, ಆದರೆ ನಮ್ಮ ಎರೆಯಲ್ಲಿ ಬೆಳೆಯುವುದು ಜೋಳ, ಮಸಾರಿಯಲ್ಲಿ ಬೆಳೆಯುವುದು ಸಜ್ಜೆ. ದೂರದ ಕಾರ್ಖಾನೆಯಲ್ಲಿ ಪುಡಿಯಾಗಿ ಪಾಕೀಟಿನಲ್ಲಿ ಬರುವ ಯಾವುದಾದರೂ ಮತ್ತೆ ಡಬ್ಬಿಯ ಅಣ್ಣತಮ್ಮನೇ. 2023ನ್ನು ವಿಶ್ವಸಂಸ್ಥೆ ಸಿರಿಧಾನ್ಯಗಳ ವರ್ಷ ಎಂದಿತು, ಅದನ್ನು ಕೇಳಿ ಪಡೆದದ್ದು ನಮ್ಮ ದೇಶವೇ. ಭಾಷಣ ಆಯಿತು, ಪ್ರಭಾತಫೇರಿ ಆಯಿತು, ರಂಗೋಲಿ ಸ್ಪರ್ಧೆ ಆಯಿತು. ಪಿಎಂ ಪೋಷಣ್ ನಿಯಮದಲ್ಲೂ ವಾರಕ್ಕೊಮ್ಮೆಯಾದರೂ ಸಿರಿಧಾನ್ಯ ಕೊಡಲು ಹೇಳಲಾಗಿದೆ. ಆದರೆ ಜೋಳದ ಕಣಜದ ಮಗ್ಗುಲಲ್ಲಿ ಕೂತ ನಮ್ಮ ಮಕ್ಕಳ ತಟ್ಟೆಗೆ ಇಂದಿಗೂ ಬೀಳುವುದು ಅಕ್ಕಿಯ ಖಿಚಡಿ.

ನಮ್ಮ ಬೇಡಿಕೆ ಸಣ್ಣದು. ನವೆಂಬರ್‌ನಿಂದ ಫೆಬ್ರವರಿವರೆಗೆ ಬೆಳಗ್ಗೆ ಪ್ರಾರ್ಥನೆ ಆದಮೇಲೆ ಒಂದೊಂದು ಲೋಟ ಬಿಸಿ ಅಂಬಲಿ. ಜೋಳ ಊರಿನ ರೈತರಿಂದ, ನ್ಯಾಯದ ಬೆಲೆಗೆ. ಮಾಡುವವರು ಅಡಿಗೆಯ ಅಕ್ಕಂದಿರೇ, ಹೆಚ್ಚಿಗೆ ಕೆಲಸಕ್ಕೆ ಹೆಚ್ಚಿಗೆ ಮಾನಧನ. ಶಾಲಾ ವ್ಯವಸ್ಥಾಪನ ಸಮಿತಿಯ ಮುಂದಿನ ಬೈಠಕ್ಕಿನಲ್ಲಿ ಇದನ್ನು ಠರಾವು ಮಾಡಿ ಪಂಚಾಯತಿ ಸಮಿತಿಗೆ ಕಳಿಸಿ. ಒಂದು ಶಾಲೆ ಕಳಿಸಿದರೆ ಕಸದ ಬುಟ್ಟಿಗೆ ಹೋದೀತು. ಜತ್ತ, ಅಕ್ಕಲಕೋಟೆ, ದಕ್ಷಿಣ ಸೊಲ್ಲಾಪುರದ ಕನ್ನಡ ಶಾಲೆಗಳೆಲ್ಲ ಕಳಿಸಿದರೆ ಯಾರಾದರೂ ಓದಲೇಬೇಕು. ಮರಾಠಿ ಶಾಲೆಯ ಗುರೂಜಿಗಳನ್ನೂ ಕೂಡಿಸಿಕೊಳ್ಳಿ. ಅವರ ಆಂಬೀಲ ನಮ್ಮ ಅಂಬಲಿಯೇ, ಹಸಿವಿಗೆ ಗಡಿ ಇಲ್ಲ.

ಮಾತಿನ ಸಂಗತಿಯೂ ಇದರಲ್ಲಿದೆ. ಸೀತನಿ, ಸುಲಗಾಯಿ, ನುಚ್ಚು, ಅಂಬಲಿ, ಗುರೆಳ್ಳು, ಕಡಗೋಲು... ಈ ಶಬ್ದಗಳು ಪುಸ್ತಕದಿಂದ ಉಳಿಯುವುದಿಲ್ಲ. ಬಾಲಭಾರತಿಯವರು ನಮಗಾಗಿ ಕನ್ನಡದಲ್ಲಿ ಪುಸ್ತಕ ಅಚ್ಚು ಹಾಕುತ್ತಾರೆ, ಒಳ್ಳೆಯದೇ. ಆದರೆ ಅಂಬಲಿ ಕುಡಿಯದ ಹುಡುಗನಿಗೆ ಅಂಬಲಿ ಎಂಬ ಶಬ್ದದ ಅರ್ಥ ಫಲಕದ ಮೇಲೆ ಬರೆದು ಹೇಳಬೇಕಾಗುತ್ತದೆ. ಬಾಯಿಂದ ಹೋದ ರುಚಿ ಸ್ವಲ್ಪ ದಿನದಲ್ಲಿ ಬಾಯಿಂದ ಮಾತನ್ನೂ ಕರೆದುಕೊಂಡು ಹೋಗುತ್ತದೆ. ಗಡಿಯ ಈಚೆ ಕನ್ನಡ ಉಳಿದಿರುವುದು ಸರಕಾರಿ ಆದೇಶದಿಂದ ಅಲ್ಲ. ಒಲೆಯ ಮುಂದೆ, ಹೊಲದ ಬದುವಿನಲ್ಲಿ, ಗುಡ್ಡಾಪುರದ ದಾನಮ್ಮನ ಜಾತ್ರೆಯಲ್ಲಿ, ಸೊನ್ನಲಿಗೆಯ ಸಿದ್ಧರಾಮನ ಗದ್ದುಗೆಯ ಮುಂದೆ ಜನ ಆಡಿದ್ದರಿಂದ ಉಳಿದಿದೆ. ಒಲೆಯ ಮುಂದಿನದನ್ನು ನಾವೇ ಡಬ್ಬಿಗೆ ಮಾರಿದರೆ ಉಳಿದದ್ದು ಎಷ್ಟು ದಿನ?

ಶಿಕ್ಷಕ ಬಂಧುಗಳೇ, ಈ ಶನಿವಾರ ಒಂದು ಕೆಲಸ ಮಾಡಿ. ಮೂರನೇ ಇಯತ್ತೆಯಿಂದ ಮೇಲಿನ ಮಕ್ಕಳಿಗೆ ಮನೆಯಲ್ಲಿ ಅಜ್ಜಿಯನ್ನು ಕೇಳಿ ಚಳಿಗಾಲದಲ್ಲಿ ಅವರು ಕುಡಿಯುತ್ತಿದ್ದ ಪೇಯಗಳ ಹೆಸರು, ಮಾಡುವ ರೀತಿ ಬರೆದುಕೊಂಡು ಬರಲು ಹೇಳಿ. ಪರಿಸರ ಅಭ್ಯಾಸವೂ ಆಯಿತು, ಕನ್ನಡ ಬರವಣಿಗೆಯೂ ಆಯಿತು. ಬಂದದ್ದರಲ್ಲಿ ಒಂದನ್ನು ಆರಿಸಿ ಶಾಲೆಯಲ್ಲೇ ಮಾಡಿ ಎಲ್ಲರೂ ಕುಡಿಯಿರಿ. ಖರ್ಚು ಬಹಳ ಆಗುವುದಿಲ್ಲ.

ನಿಮ್ಮ ಊರಿನಲ್ಲಿ ಇದಕ್ಕೆ ಬೇರೆ ಹೆಸರಿದ್ದರೆ, ಬೇರೆ ರೀತಿ ಇದ್ದರೆ ನಮಗೂ ತಿಳಿಸಿ. ತಾಳವಾಡಿಯವರು, ಕಾಸರಗೋಡಿನವರು, ಮಡಕಶಿರಾದವರು, ಆದವಾನಿಯವರು ಚಳಿಗೆ ಏನು ಕುಡಿಯುತ್ತಾರೆ ಎಂದು ತಿಳಿಯುವ ಆಸೆ ನಮಗಿದೆ. ಒಪ್ಪದಿದ್ದವರೂ ಬರೆಯಿರಿ, ಜಗಳ ಆಡೋಣ. ಆದರೆ ಜಗಳಕ್ಕೆ ಬರುವ ಮುನ್ನ ಒಂದು ವಾರ ಮಕ್ಕಳಿಗೆ ಚಹಾ ನಿಲ್ಲಿಸಿ ಅಂಬಲಿ ಕೊಟ್ಟು ನೋಡಿ ಬನ್ನಿ.